ಗೆದ್ದವರಿಗೆ ಬಾರದ ಕರೆಯೋಲೆ

“ಆಗಿನ ಕಾಲವೇ ಹಾಗಿತ್ತು.”

ನಮ್ಮಲ್ಲಿ ಚಲಾವಣೆಯಲ್ಲಿರುವ ಮಾತುಗಳ ಪೈಕಿ ಇಷ್ಟು ಅನುಕೂಲವಾದದ್ದು ಇನ್ನೊಂದಿರಲಾರದು. ಗಂಡ ಸತ್ತ ಹೆಣ್ಣಿನ ತಲೆ ಬೋಳಿಸಿದರು. ಏಕೆಂದು ಕೇಳಿದರೆ, ಆಗಿನ ಕಾಲವೇ ಹಾಗಿತ್ತು. ಊರ ಬಾವಿಯಿಂದ ಅರ್ಧ ಊರನ್ನೇ ದೂರ ಇಟ್ಟರು; ಆಗಿನ ಕಾಲವೇ ಹಾಗಿತ್ತು. ಹಾಗೆಂದುಬಿಟ್ಟರೆ ತಲೆ ಬೋಳಿಸಲು ಹೇಳಿದವರು ಯಾರು, ಬಾವಿಕಟ್ಟೆಯ ಮೇಲೆ ಕಾವಲು ನಿಂತವರು ಯಾರು ಎಂಬ ಪ್ರಶ್ನೆಯೇ ಏಳುವುದಿಲ್ಲ. ಮಾಡಿದ್ದೆಲ್ಲ ಕಾಲ. ಮನುಷ್ಯರು, ಪಾಪ, ಪಕ್ಕದಲ್ಲಿ ನಿಂತು ನೋಡುತ್ತಿದ್ದರಷ್ಟೆ!

ಈ ಮಾತನ್ನು ಈಚೆಗೆ ನಾನು ಕೇಳಿದ್ದು ಅಮೆರಿಕಾದ ಕಾಲೇಜು ಫುಟ್‌ಬಾಲಿನ ಪ್ರಸ್ತಾಪ ಬಂದಾಗ. ಮಗನ ಮನೆಯಲ್ಲಿ ಆರು ತಿಂಗಳಿದ್ದು ಬಂದ ನನ್ನ ಸ್ನೇಹಿತರೊಬ್ಬರು ಅಲ್ಲಿಯ ಶನಿವಾರಗಳ ವೈಭವವನ್ನು ವರ್ಣಿಸುತ್ತಿದ್ದರು. ವರ್ಣಿಸುತ್ತ ವರ್ಣಿಸುತ್ತ 1951ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೋ ವಿಶ್ವವಿದ್ಯಾಲಯದ ತಂಡಕ್ಕಾದ ಕಥೆಯನ್ನು ಹೇಳಿ, “ಎಂಥ ಹುಡುಗರು, ಸ್ವಾಮಿ!” ಎಂದು ಗದ್ಗದರಾದರು. ಅಲ್ಲಿಗೆ ನಿಲ್ಲಿಸಿದ್ದರೆ ನಾನೂ ಅವರೊಡನೆ ಗದ್ಗದನಾಗುತ್ತಿದ್ದೆ. ಅವರು ನಿಲ್ಲಿಸಲಿಲ್ಲ. “ಆದರೆ ಕರೆಯದವರನ್ನು ದೂರಿ ಫಲವೇನು? ಆಗಿನ ಕಾಲವೇ ಹಾಗಿತ್ತು” ಎಂದು ಸೇರಿಸಿದರು. ಹುಡುಗರ ವಿಷಯದಲ್ಲಿ ನನ್ನ ತಕರಾರಿಲ್ಲ. ಈ ಎರಡನೆಯ ಮಾತಿನ ಮೇಲೆ ಮಾತ್ರ ನನ್ನ ಜಗಳ. ಇದು ನನ್ನ ಸ್ನೇಹಿತರೊಬ್ಬರ ಮಾತಲ್ಲ. ಆ ಕಥೆ ಹೇಳುವವರಲ್ಲಿ ಅನೇಕರು ಕೊನೆಗೆ ಬಂದು ಸೇರುವ ಜಾಗವೇ ಇದು.

ಮೊದಲು ಕಥೆಯನ್ನು ನೋಡೋಣ.

ನಾವು ಫುಟ್‌ಬಾಲ್ ಎಂದು ಕರೆಯುವ ಆಟಕ್ಕೂ ಅಮೆರಿಕಾದವರು ಹಾಗೆಂದು ಕರೆಯುವುದಕ್ಕೂ ಹೆಸರಿನ ಹೊರತು ಹೆಚ್ಚಿನ ನಂಟಿಲ್ಲ. ಅವರ ಚೆಂಡು ಎರಡು ಕಡೆಯೂ ಮೂತಿ ಚೂಪಾದದ್ದು. ಅದರೊಡನೆ ಕಾಲಿಗಿಂತ ಕೈಗೇ ಕೆಲಸ ಹೆಚ್ಚು. ತಲೆಗೆ ಶಿರಸ್ತ್ರಾಣ, ಹೆಗಲಿಗೆ ಮೆತ್ತೆ ಕಟ್ಟಿಕೊಂಡು ಹನ್ನೊಂದು ಜನ ಒಂದು ಕಡೆ, ಹನ್ನೊಂದು ಜನ ಇನ್ನೊಂದು ಕಡೆ. 100 ಗಜ ಉದ್ದದ ಬಯಲಿನಲ್ಲಿ ಎದುರಾಳಿಯ ಕೊನೆಯ ಗೆರೆಯಾಚೆಗೆ ಚೆಂಡನ್ನು ಒಯ್ಯಬೇಕು. ಒಯ್ದರೆ 6 ಅಂಕ. ತಡೆಯುವವರು ಮೈಮೇಲೆ ಬಿದ್ದೇ ತಡೆಯುತ್ತಾರೆ. ಗರಡಿಮನೆಯ ಗುದ್ದಾಟವೂ ಓಟದ ಪಂದ್ಯವೂ ಕೂಡಿದಂತಿರುವ ಈ ಆಟವನ್ನು ಒಮ್ಮೆ ನೋಡಿದವರು ಮರೆಯುವಂತಿಲ್ಲ.

ನಮ್ಮ ವಾದಕ್ಕೆ ಆಟಕ್ಕಿಂತ ಮುಖ್ಯವಾದದ್ದು ಅದರ ಋತು ಮುಗಿಯುವ ಬಗೆ. ಸೆಪ್ಟೆಂಬರಿನಿಂದ ನವೆಂಬರಿನವರೆಗೆ ಪ್ರತಿಯೊಂದು ಕಾಲೇಜೂ ಹತ್ತರ ಆಸುಪಾಸು ಪಂದ್ಯಗಳನ್ನಾಡುತ್ತಿತ್ತು. ಕಾಲೇಜುಗಳು ನೂರಾರು, ಎಲ್ಲರೂ ಎಲ್ಲರೊಡನೆ ಆಡಿ ಕೊನೆಗೊಬ್ಬರು ಉಳಿಯುವುದು ಸಾಧ್ಯವಿರಲಿಲ್ಲ. ಆದುದರಿಂದ ಹೊಸ ವರ್ಷದ ಹೊತ್ತಿಗೆ ಕೆಲವು ನಗರಗಳ ಗಣ್ಯರು ಸಮಿತಿ ಮಾಡಿಕೊಂಡು, ತಮಗೆ ಮೆಚ್ಚಿಗೆಯಾದ ಎರಡು ತಂಡಗಳಿಗೆ ಕರೆಯೋಲೆ ಕಳಿಸಿ, ದೊಡ್ಡದೊಂದು ಪಂದ್ಯ ನಡೆಸುವುದು ವಾಡಿಕೆಯಾಯಿತು. ಇಂಥ ಪಂದ್ಯಕ್ಕೆ ‘ಬೌಲ್’ ಎಂದು ಹೆಸರು. ಬೌಲ್ ಎಂದರೆ ಬಟ್ಟಲು. ಕ್ರೀಡಾಂಗಣ ಬಟ್ಟಲಿನ ಆಕಾರದಲ್ಲಿದ್ದುದರಿಂದ ಬಂದ ಹೆಸರು ಪಂದ್ಯಕ್ಕೂ ಅಂಟಿಕೊಂಡಿತು. ಮಯಾಮಿಯಲ್ಲಿ ಕಿತ್ತಳೆಯ ಬಟ್ಟಲು, ನ್ಯೂ ಆರ್ಲಿಯನ್ಸಿನಲ್ಲಿ ಸಕ್ಕರೆಯ ಬಟ್ಟಲು, ಜ್ಯಾಕ್ಸನ್‌ವಿಲ್ಲಿನಲ್ಲಿ ಮೊಸಳೆಯ ಬಟ್ಟಲು. ಅವರ ಮಾತಿನಲ್ಲಿ ಆರೆಂಜ್ ಬೌಲ್, ಶುಗರ್ ಬೌಲ್, ಗೇಟರ್ ಬೌಲ್. ಮೂರೂ ಅಮೆರಿಕಾದ ದಕ್ಷಿಣ ಭಾಗದ ಊರುಗಳು.

ಇಲ್ಲಿ ಓದುಗರು ಒಂದು ಅಂಶವನ್ನು ಗಮನಿಸಬೇಕು. ಬಯಲಿನಲ್ಲಿ ಗೆಲ್ಲುವುದು ಅಂಕದಿಂದ. ಬಟ್ಟಲಿಗೆ ಹೋಗುವುದು ಕರೆಯಿಂದ. ಅಂಕ ಯಾರ ಮುಖವನ್ನೂ ನೋಡುವುದಿಲ್ಲ. ಕರೆಯುವವನು ಮುಖ ನೋಡಿಯೇ ಕರೆಯುತ್ತಾನೆ.

1951ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೋ ವಿಶ್ವವಿದ್ಯಾಲಯ ಜೆಸ್ಯುಯಿಟ್ ಪಾದ್ರಿಗಳು ನಡೆಸುತ್ತಿದ್ದ ಒಂದು ಸಣ್ಣ ಸಂಸ್ಥೆ, ಇಂದಿಗೂ ಅವರದೇ. ತಂಡದ ಹೆಸರು ‘ಡಾನ್ಸ್’. ತರಬೇತುದಾರ ಜೋ ಕುಹಾರಿಚ್. ಆಟಗಾರರು ಮೂವತ್ತು ಚಿಲ್ಲರೆ ಜನ. ಅವರಲ್ಲಿ ಕಪ್ಪು ಜನಾಂಗದವರು ಇಬ್ಬರು: ಆಲಿ ಮ್ಯಾಟ್ಸನ್ ಮತ್ತು ಬರ್ಲ್ ಟೋಲರ್. ಮ್ಯಾಟ್ಸನ್ ಆ ಋತುವಿನ 9 ಪಂದ್ಯಗಳಲ್ಲಿ ಚೆಂಡು ಹಿಡಿದು 1,566 ಗಜ ಓಡಿದ, 21 ಸಲ ಗೆರೆ ದಾಟಿದ. ಚೆಂಡು ಹಿಡಿದು ಓಡುವುದರಲ್ಲಿ ಆ ವರ್ಷ ಇಡೀ ದೇಶಕ್ಕೆ ಅವನೇ ಮೊದಲಿಗ. ಟೋಲರ್ ಎದುರಾಳಿಯನ್ನು ತಡೆಯುವುದರಲ್ಲಿ ಎತ್ತಿದ ಕೈ. ಅವರ ಜೊತೆಯವನು ಜೀನೋ ಮಾರ್ಕೆಟ್ಟಿ, ಎರಡನೆಯ ಮಹಾಯುದ್ಧದಲ್ಲಿ ಹಿಟ್ಲರನ ಸೈನ್ಯದೆದುರು ನಿಂತು ಬಂದ ಯೋಧ. ಇನ್ನೊಬ್ಬ ಬಾಬ್ ಸೇಂಟ್ ಕ್ಲೇರ್, ಆಳೆತ್ತರವನ್ನು ಮೀರಿದ ದೈತ್ಯ. ತಂಡದ ಸುದ್ದಿಯನ್ನು ಪತ್ರಿಕೆಗಳಿಗೆ ಮುಟ್ಟಿಸುತ್ತಿದ್ದ ತರುಣ ಪೀಟ್ ರೋಜೆಲ್. ಈತನ ಹೆಸರನ್ನು ನೆನಪಿಟ್ಟುಕೊಂಡಿರಿ.

ಆ ವರ್ಷ ಈ ತಂಡ 9 ಪಂದ್ಯಗಳನ್ನಾಡಿತು, 9ನ್ನೂ ಗೆದ್ದಿತು. ದೇಶದ ಈ ತುದಿಯಿಂದ ಆ ತುದಿಗೆ ನ್ಯೂಯಾರ್ಕಿಗೆ ಹೋಗಿ ಫೋರ್ಡ್‌ಹ್ಯಾಂ ತಂಡವನ್ನು 32–26ರಿಂದ ಸೋಲಿಸಿತು. ಆ ಪಂದ್ಯದಲ್ಲಿ ಎದುರಾಳಿ ಒದ್ದು ಕಳಿಸಿದ ಚೆಂಡನ್ನು ಹಿಡಿದು ಮ್ಯಾಟ್ಸನ್ ಎರಡು ಸಲ ಬಯಲಿನುದ್ದಕ್ಕೂ ಓಡಿ ಗೆರೆ ಮುಟ್ಟಿಸಿದ. ನವೆಂಬರಿನಲ್ಲಿ ಪೆಸಿಫಿಕ್ ಕಾಲೇಜಿನ ಪ್ರಬಲ ತಂಡವನ್ನು 47–14ರಿಂದ ಬಡಿದರು. ಕೊನೆಯ ಪಂದ್ಯ ಪ್ಯಾಸಡೀನಾದ ರೋಜ್ ಬೌಲ್ ಕ್ರೀಡಾಂಗಣದಲ್ಲಿ, ಲೋಯೋಲಾ ಕಾಲೇಜಿನ ಮೇಲೆ, ಅಂಕ 20–2. ಒಂದು ಸೋಲಿಲ್ಲ, ಸಮ ಎನ್ನುವುದೂ ಇಲ್ಲ.

ಇನ್ನು ಕರೆಯೋಲೆ ಬರಬೇಕು. ರೋಜ್ ಬೌಲಿನ ಹೊಸವರ್ಷದ ಪಂದ್ಯ ಎರಡು ಕಾಲೇಜು ಕೂಟಗಳಿಗೆ ಕರಾರಿನ ಮೇಲೆ ಮೀಸಲಾಗಿತ್ತು. ಡಾನ್ಸ್ ಯಾವ ಕೂಟಕ್ಕೂ ಸೇರಿದವರಲ್ಲ. ಆದ್ದರಿಂದ ಅವರ ಕಣ್ಣು ದಕ್ಷಿಣದ ಬಟ್ಟಲುಗಳ ಮೇಲೆ. ಅಲ್ಲಿಂದ ಬಂದದ್ದು ಓಲೆಯಲ್ಲ, ಸೂಚನೆ: ಮ್ಯಾಟ್ಸನ್ ಮತ್ತು ಟೋಲರ್ ಅವರನ್ನು ಊರಿನಲ್ಲಿ ಬಿಟ್ಟು ಬರುವುದಾದರೆ ವಿಚಾರ ಮಾಡಬಹುದು. ಇಂಥ ಷರತ್ತುಗಳನ್ನು ಯಾರೂ ಅಚ್ಚು ಹಾಕಿಸಿ ಕಳಿಸುವುದಿಲ್ಲ. ಅವು ಕಿವಿಯಿಂದ ಕಿವಿಗೆ ಹೋಗುವಂಥವು. ತಂಡದವರು ಮುಂದೆ ಜೀವನವಿಡೀ ಹೇಳಿಕೊಂಡು ಬಂದಂತೆ, ವಿಷಯ ತಿಳಿದಾಗ ಅವರಲ್ಲಿ ಚರ್ಚೆಯೇ ನಡೆಯಲಿಲ್ಲ. ಬಂದರೆ ಎಲ್ಲರೂ ಬರುತ್ತೇವೆ, ಇಲ್ಲವಾದರೆ ಯಾರೂ ಬರುವುದಿಲ್ಲ ಎಂದರು. ಯಾರೂ ಹೋಗಲಿಲ್ಲ. ಕೆಲವು ವಾರಗಳಲ್ಲಿ ವಿಶ್ವವಿದ್ಯಾಲಯ, ಫುಟ್‌ಬಾಲಿನಿಂದ ನಷ್ಟವಾಗುತ್ತಿದೆಯೆಂದು ತಂಡವನ್ನೇ ಮುಚ್ಚಿಬಿಟ್ಟಿತು.

ಕಥೆ ಇಷ್ಟು. ಇನ್ನು ಇದಕ್ಕೆ ಕೊಡುವ ಸಮಾಧಾನಗಳನ್ನು ಒಂದೊಂದಾಗಿ ತೆಗೆದುಕೊಳ್ಳೋಣ.

ಬಟ್ಟಲಿನವರ ಮೊದಲ ಸಮಾಧಾನ: ವರ್ಣದ ಪ್ರಶ್ನೆಯೇ ಅಲ್ಲ, ಡಾನ್ಸ್ ಎದುರಿಸಿದ ತಂಡಗಳು ದುರ್ಬಲವಾಗಿದ್ದುವು. ಈ ವಾದದಲ್ಲಿ ಒಂದು ಹಿಡಿ ಸತ್ಯವಿದೆ. ಆ ಒಂಬತ್ತರಲ್ಲಿ ದೊಡ್ಡ ಹೆಸರಿನ ತಂಡಗಳು ಕಡಿಮೆ. ಋತುವಿನ ಕೊನೆಯ ಎಣಿಕೆಯಲ್ಲಿ ಅಸೋಸಿಯೇಟೆಡ್ ಪ್ರೆಸ್ಸಿನವರು ಡಾನ್ಸ್ ತಂಡವನ್ನು ಇಟ್ಟದ್ದು 14ನೆಯ ಸ್ಥಾನದಲ್ಲಿ. ಸಕ್ಕರೆಯ ಬಟ್ಟಲಿಗೆ ಅವರು ಕರೆದದ್ದು ಟೆನೆಸಿ ಮತ್ತು ಮೇರಿಲ್ಯಾಂಡ್ ತಂಡಗಳನ್ನು, ಇಬ್ಬರೂ ಸೋಲು ಕಾಣದವರು. ಅದನ್ನು ಬೇಕಾದರೆ ಬಿಟ್ಟುಬಿಡೋಣ. ಕಿತ್ತಳೆಯ ಬಟ್ಟಲಿಗೆ ಜಾರ್ಜಿಯಾ ಟೆಕ್ ಜೊತೆಗೆ ಬಂದ ಬೇಲರ್ ತಂಡ ಒಂದು ಸೋತು, ಒಂದು ಸಮ ಮಾಡಿಕೊಂಡಿತ್ತು. ಮೊಸಳೆಯ ಬಟ್ಟಲಿನಲ್ಲಿ ಆಡಿದ ಮಯಾಮಿ ಮತ್ತು ಕ್ಲೆಮ್ಸನ್ ಎರಡೂ ಒಂದಕ್ಕಿಂತ ಹೆಚ್ಚು ಸಲ ಸೋತಿದ್ದ ತಂಡಗಳು. ಅಷ್ಟೇಕೆ, ಡಾನ್ಸ್ 33 ಅಂಕಗಳ ಅಂತರದಲ್ಲಿ ಬಡಿದು ಕಳಿಸಿದ ಪೆಸಿಫಿಕ್ ತಂಡಕ್ಕೇ ಟೆಕ್ಸಾಸಿನ ಸನ್ ಬೌಲಿನಿಂದ ಕರೆ ಬಂದು ಅದು ಹೋಗಿ ಆಡಿತು. ಸೋತವನು ಪಂಕ್ತಿಗೆ ಯೋಗ್ಯ, ಅವನನ್ನು ಸೋಲಿಸಿದವನು ದುರ್ಬಲ! ಇದು ಯಾವ ತರ್ಕಶಾಸ್ತ್ರ?

ಮುಂದೆ ನಡೆದದ್ದನ್ನೂ ನೋಡಿ. ಮ್ಯಾಟ್ಸನ್, ಮಾರ್ಕೆಟ್ಟಿ, ಸೇಂಟ್ ಕ್ಲೇರ್ ಮೂವರೂ ವೃತ್ತಿ ಫುಟ್‌ಬಾಲಿನ ಕೀರ್ತಿಮಂದಿರ ಸೇರಿದರು. ಮೊದಲಿಬ್ಬರು 1972ರಲ್ಲಿ, ಮೂರನೆಯವನು 1990ರಲ್ಲಿ. ಒಂದೇ ಕಾಲೇಜಿನ ಒಂದೇ ವರ್ಷದ ತಂಡದಿಂದ ಮೂವರು! ಮ್ಯಾಟ್ಸನ್ ಕರೆ ಬಾರದ ಆ ಹೊಸವರ್ಷ ಕಳೆದು ಏಳೇ ತಿಂಗಳಲ್ಲಿ, 1952ರ ಹೆಲ್ಸಿಂಕಿ ಒಲಿಂಪಿಕ್ಸಿನಲ್ಲಿ, 400 ಮೀಟರ್ ಓಟದಲ್ಲಿ ಕಂಚನ್ನೂ ರಿಲೇಯಲ್ಲಿ ಬೆಳ್ಳಿಯನ್ನೂ ತನ್ನ ದೇಶಕ್ಕೆ ಗೆದ್ದು ತಂದ. 1959ರಲ್ಲಿ ಲಾಸ್ ಏಂಜಲೀಸಿನ ವೃತ್ತಿ ತಂಡ ಅವನೊಬ್ಬನನ್ನು ಪಡೆಯಲು 9 ಜನರನ್ನು ಬದಲಿಗೆ ಕೊಟ್ಟಿತು. ಆ ವ್ಯಾಪಾರ ಕುದುರಿಸಿದವನು ನಮ್ಮ ಪೀಟ್ ರೋಜೆಲ್. ದುರ್ಬಲರೆಂದು ಹೇಳುವವರು ಇದಕ್ಕೇನನ್ನುತ್ತಾರೆ?

ಎರಡನೆಯ ಸಮಾಧಾನವೇ ನನ್ನ ಸ್ನೇಹಿತರದು: ಆಗಿನ ಕಾಲ. ದಕ್ಷಿಣದಲ್ಲಿ ಬಿಳಿಯರೂ ಕಪ್ಪು ಜನರೂ ಒಂದೇ ಬಯಲಿನಲ್ಲಿ ಆಡುವುದನ್ನು ಜನ ಒಪ್ಪುತ್ತಿರಲಿಲ್ಲ, ಸಮಿತಿಯವರು ತಾನೆ ಏನು ಮಾಡಿಯಾರು, ಎನ್ನುತ್ತಾರೆ. ಉತ್ತರದ ತಂಡ ದಕ್ಷಿಣಕ್ಕೆ ಆಡಲು ಹೋಗುವಾಗ ತನ್ನ ಕಪ್ಪು ಆಟಗಾರರನ್ನು ಮನೆಯಲ್ಲಿ ಬಿಟ್ಟು ಹೋಗುವ ಪದ್ಧತಿ ಇತ್ತು. ಆ ಪದ್ಧತಿಗೆ ಅವರು ಕೊಟ್ಟಿದ್ದ ಹೆಸರು ‘ಸಭ್ಯರ ಒಪ್ಪಂದ’! ಸಭ್ಯರು ಎಂಬ ಶಬ್ದಕ್ಕೆ ಇಷ್ಟು ಅವಮಾನ ಇನ್ನೆಲ್ಲೂ ಆದಂತಿಲ್ಲ.

ಕಾಲದ ಮೇಲೆ ಹಾಕುವ ಮೊದಲು ಆ ಕಾಲವನ್ನೇ ಸ್ವಲ್ಪ ವಿಚಾರಿಸೋಣ. ಫ್ರಿಟ್ಜ್ ಪೊಲಾರ್ಡ್ ಎಂಬ ಕಪ್ಪು ಜನಾಂಗದ ಆಟಗಾರ ಬ್ರೌನ್ ವಿಶ್ವವಿದ್ಯಾಲಯದ ಪರವಾಗಿ ರೋಜ್ ಬೌಲ್ ಪಂದ್ಯದಲ್ಲಿ ಆಡಿದ್ದು 1916ರಲ್ಲಿ, ಎಂದರೆ ಡಾನ್ಸ್ ಋತುವಿಗೆ 35 ವರ್ಷ ಮೊದಲು. 1946ರಲ್ಲಿ ಪೆನ್ ಸ್ಟೇಟ್ ತಂಡ, ಕಪ್ಪು ಆಟಗಾರರನ್ನು ಬಿಟ್ಟು ಬನ್ನಿ ಎಂದದ್ದಕ್ಕೆ, ಮಯಾಮಿಯಲ್ಲಿ ಆಡಬೇಕಾಗಿದ್ದ ಪಂದ್ಯವನ್ನೇ ಬಿಟ್ಟಿತು. ಅದೇ ಪೆನ್ ಸ್ಟೇಟ್ 1948ರ ಹೊಸವರ್ಷದಂದು ತನ್ನ ಕಪ್ಪು ಆಟಗಾರರನ್ನು ಕರೆದುಕೊಂಡು ಟೆಕ್ಸಾಸಿನ ಡಲ್ಲಾಸಿಗೆ ಹೋಗಿ ಕಾಟನ್ ಬೌಲಿನಲ್ಲಿ ಆಡಿತು. ಪಂದ್ಯ 13–13 ಸಮವಾಯಿತು. ಆಕಾಶ ಕಳಚಿ ಬೀಳಲಿಲ್ಲ. ಅದೇ 1948ರ ಕೊನೆಗೆ ಲಫಾಯೆಟ್ ಎಂಬ ಸಣ್ಣ ಕಾಲೇಜಿನ ತಂಡ, ತಮ್ಮಲ್ಲೊಬ್ಬ ಕಪ್ಪು ಆಟಗಾರನಿಗೆ ಪ್ರವೇಶವಿಲ್ಲವೆಂದು ತಿಳಿದು, ಬಂದ ಕರೆಯನ್ನು ಬೇಡವೆಂದಿತು.

ಇವೆಲ್ಲ ನಡೆದದ್ದು ‘ಆಗಿನ ಕಾಲ’ದಲ್ಲಿ ಅಲ್ಲವೆ? ಕಾಟನ್ ಬೌಲಿನವರು ಕರೆಯಬಹುದಾಗಿದ್ದರೆ ಮಯಾಮಿಯವರು ಏಕೆ ಕರೆಯಲಾಗದು? ಡಲ್ಲಾಸಿನಲ್ಲಿ ಒಂದು ಪಂಚಾಂಗ, ಮಯಾಮಿಯಲ್ಲಿ ಇನ್ನೊಂದು ಪಂಚಾಂಗ ಇತ್ತೆ? ಕಾಲ ಒಂದೇ, ಸಮಿತಿಗಳು ಬೇರೆ. ಕಾಲ ಕರೆಯೋಲೆ ಬರೆಯುವುದಿಲ್ಲ. ಹೆಸರುಳ್ಳ, ವಿಳಾಸವುಳ್ಳ ಮನುಷ್ಯರು ಮೇಜಿನ ಸುತ್ತ ಕುಳಿತು ಬರೆಯುತ್ತಾರೆ. ಇಲ್ಲವೆ ಬರೆಯದೆ ಇರುತ್ತಾರೆ.

ಇನ್ನೂ ಮುಖ್ಯವಾದ ಮಾತೊಂದಿದೆ. ಕರೆ ಬೇಡವೆಂದ ಆ ಮೂವತ್ತು ಚಿಲ್ಲರೆ ಹುಡುಗರೂ 1951ರವರೇ. ಅವರೇನು ಮುಂದಿನ ಶತಮಾನದಿಂದ ಇಳಿದು ಬಂದವರಲ್ಲ. ಅವರು ಓದಿದ್ದೂ ಅದೇ ಪತ್ರಿಕೆ, ಬೆಳೆದದ್ದೂ ಅದೇ ದೇಶದ ಗಾಳಿಯಲ್ಲಿ. ಅವರಲ್ಲಿ ಬಹುಮಂದಿ ಬಿಳಿಯರು. ಇಬ್ಬರು ಗೆಳೆಯರನ್ನು ರೈಲುನಿಲ್ದಾಣದಲ್ಲಿ ಬಿಟ್ಟುಹೋಗಿದ್ದರೆ ಅವರನ್ನು ಯಾರೂ ಕೇಳುತ್ತಿರಲಿಲ್ಲ. ಕೇಳಿದ್ದರೆ “ಆಗಿನ ಕಾಲವೇ ಹಾಗಿತ್ತು” ಎಂಬ ಉತ್ತರ ಅವರಿಗೂ ಸಿಕ್ಕುತ್ತಿತ್ತು. ಅಂಥ ನೆವ ಕೈಯಲ್ಲಿದ್ದೂ ಅವರು ಅದನ್ನು ಬಳಸಿಕೊಳ್ಳಲಿಲ್ಲ. ಹುಡುಗರನ್ನು ಕೊಂಡಾಡಿ, ಅದೇ ಉಸಿರಿನಲ್ಲಿ ಕಾಲವನ್ನು ದೂರುವುದು ಎಂಥ ವಿರೋಧಾಭಾಸವೆಂಬುದನ್ನು ಯೋಚಿಸಿ. ಕಾಲವೇ ಎಲ್ಲವನ್ನೂ ಮಾಡಿಸುವುದಾದರೆ ಹುಡುಗರದು ಹೊಗಳಿಕೆಗೆ ಅರ್ಹವಲ್ಲ. ಹುಡುಗರು ಹೊಗಳಿಕೆಗೆ ಅರ್ಹರಾದರೆ ಸಮಿತಿಯವರು ನಿಂದೆಗೆ ಅರ್ಹರು. ಎರಡರಲ್ಲೊಂದನ್ನು ಆರಿಸಿಕೊಳ್ಳಲೇಬೇಕು.

ಕಾಲ ತನ್ನಷ್ಟಕ್ಕೆ ಸುಧಾರಿಸುತ್ತದೆ ಎನ್ನುವವರೂ ಇದ್ದಾರೆ. ಅವರಿಗಾಗಿ ಇನ್ನೆರಡು ಸಂಗತಿ. ಡಾನ್ಸ್ ಗೆಲ್ಲುತ್ತಿದ್ದ ಅದೇ ಋತುವಿನಲ್ಲಿ, 1951ರ ಅಕ್ಟೋಬರ್ 20ರಂದು, ಡ್ರೇಕ್ ವಿಶ್ವವಿದ್ಯಾಲಯದ ಜಾನಿ ಬ್ರೈಟ್ ಎಂಬ ಕಪ್ಪು ಆಟಗಾರ ಓಕ್ಲಹೋಮಾ ಎ ಅಂಡ್ ಎಂ ಕಾಲೇಜಿನ ಬಯಲಿನಲ್ಲಿ ಆಡುತ್ತಿದ್ದಾಗ, ಚೆಂಡು ಅವನ ಕೈಯಲ್ಲಿಲ್ಲದ ಹೊತ್ತಿನಲ್ಲಿ ಎದುರಾಳಿ ಅವನ ಮುಖಕ್ಕೆ ಹೊಡೆದು ದವಡೆ ಮುರಿದ. ಡೆ ಮಾಯ್ನ್ ನಗರದ ಪತ್ರಿಕೆಯ ಇಬ್ಬರು ಛಾಯಾಚಿತ್ರಕಾರರು ತೆಗೆದ ಚಿತ್ರಗಳ ಸರಣಿಯಲ್ಲಿ ಇದು ಹಗಲಿನಷ್ಟು ಸ್ಪಷ್ಟವಾಗಿತ್ತು; ಆ ಚಿತ್ರಗಳಿಗೆ 1952ರಲ್ಲಿ ಪುಲಿಟ್ಜರ್ ಬಹುಮಾನವೂ ಬಂದಿತು. ಆ ಕಾಲೇಜು, ಓಕ್ಲಹೋಮಾ ಸ್ಟೇಟ್ ವಿಶ್ವವಿದ್ಯಾಲಯವೆಂಬ ಹೊಸ ಹೆಸರಿನಲ್ಲಿ, ವಿಷಾದ ಸೂಚಿಸಿ ಪತ್ರ ಬರೆದದ್ದು 2005ರಲ್ಲಿ. ಅಷ್ಟರಲ್ಲಿ ಬ್ರೈಟ್ ತೀರಿಕೊಂಡು 22 ವರ್ಷ ಕಳೆದಿತ್ತು. ಕಾಲ ಸುಧಾರಿಸುವ ವೇಗ ಇದು!

ಎರಡನೆಯದು ಸಕ್ಕರೆಯ ಬಟ್ಟಲಿನದೇ. 1955ರಲ್ಲಿ ಆ ಪಂದ್ಯಕ್ಕೆ ಪಿಟ್ಸ್‌ಬರ್ಗ್ ತಂಡವನ್ನು ಕರೆದರು. ಅದರಲ್ಲಿ ಬಾಬಿ ಗ್ರಿಯರ್ ಎಂಬ ಕಪ್ಪು ಆಟಗಾರನಿದ್ದ. ಎದುರಾಳಿ ಜಾರ್ಜಿಯಾ ಟೆಕ್. ಜಾರ್ಜಿಯಾದ ಗವರ್ನರ್ ಮಾರ್ವಿನ್ ಗ್ರಿಫಿನ್, ತಮ್ಮ ರಾಜ್ಯದ ತಂಡ ಅಂಥ ಪಂದ್ಯದಲ್ಲಿ ಆಡಕೂಡದೆಂದು ತಂತಿ ಕಳಿಸಿದರು. ಆಗ ಬೀದಿಗಿಳಿದವರು ಯಾರೆಂದುಕೊಂಡಿರಿ? ಜಾರ್ಜಿಯಾ ಟೆಕ್ಕಿನ ಬಿಳಿಯ ವಿದ್ಯಾರ್ಥಿಗಳು! ಅಟ್ಲಾಂಟಾದ ಬೀದಿಗಳಲ್ಲಿ ಗವರ್ನರರ ಪ್ರತಿಕೃತಿ ಸುಟ್ಟು ಗದ್ದಲವೆಬ್ಬಿಸಿದರು. ಅವರೆಲ್ಲ ವರ್ಣಭೇದವನ್ನು ದ್ವೇಷಿಸುವ ಸಂತರಾಗಿದ್ದರೆಂದು ನಾನು ಹೇಳುವುದಿಲ್ಲ. ಪಂದ್ಯ ತಪ್ಪಿಹೋಗುವ ಸಿಟ್ಟೂ ಇದ್ದೀತು. ಅಂತೂ ಪಂದ್ಯ ನಡೆಯಿತು. ಆದರೆ ಅದಾದ ಕೆಲವೇ ತಿಂಗಳಲ್ಲಿ, 1956ರಲ್ಲಿ, ಲೂಯಿಸಿಯಾನಾ ಶಾಸನಸಭೆ ಬಿಳಿಯರೂ ಕಪ್ಪು ಜನರೂ ಕೂಡಿ ಆಡುವುದನ್ನೇ ನಿಷೇಧಿಸುವ ಕಾನೂನು ಮಾಡಿತು. 1959ರಲ್ಲಿ ನ್ಯಾಯಾಲಯದಲ್ಲಿ ಬಿದ್ದುಹೋಗುವವರೆಗೆ ಅದು ನಿಂತಿತ್ತು. ಮುಂದಕ್ಕೆ ಹೋಗಿದ್ದ ಗಾಡಿಯನ್ನು ಹಿಂದಕ್ಕೆ ಎಳೆದರು. ಎಳೆದದ್ದು ಕಾಲವೊ, ಕೈಯೆತ್ತಿ ಮತ ಹಾಕಿದ ಶಾಸಕರೊ?

ಮೂರನೆಯ ಸಮಾಧಾನ ಎಲ್ಲಕ್ಕಿಂತ ಸವಿಯಾದದ್ದು, ಆದ್ದರಿಂದ ಎಲ್ಲಕ್ಕಿಂತ ಅಪಾಯದ್ದು. ‘ಪಂದ್ಯ ತಪ್ಪಿದರೇನು? ಅವರಿಗೆ ಅದಕ್ಕಿಂತ ದೊಡ್ಡ ಗೆಲುವು ದೊರಕಿತು’ ಎನ್ನುವುದು. 2006ರಲ್ಲಿ ವಿಶ್ವವಿದ್ಯಾಲಯ ಬದುಕಿ ಉಳಿದಿದ್ದ ಆಟಗಾರರಿಗೆ ಗೌರವ ಡಾಕ್ಟರೇಟ್ ನೀಡಿತು. 2014ರಲ್ಲಿ ಅವರ ಮೇಲೆ ಸಾಕ್ಷ್ಯಚಿತ್ರವೂ ಬಂದಿತು. ಸಂತೋಷವೆ. ಆದರೆ ಈ ಹೂಮಾಲೆಯ ಲೆಕ್ಕವನ್ನು ನೋಡಿ. ನಷ್ಟ ಅನುಭವಿಸಿದವರಿಗೆ ಹೊಗಳಿಕೆ ಸಿಕ್ಕಿತು. ನಷ್ಟ ಮಾಡಿದವರಿಗೆ ಮರೆವು ಸಿಕ್ಕಿತು. ಅರ್ಧ ಶತಮಾನ ಕಳೆದ ಮೇಲೆ ಇವೆರಡರಲ್ಲಿ ಹೆಚ್ಚು ಬೆಲೆಬಾಳುವುದು ಯಾವುದು? ಕಥೆ ಕೇಳಿದವರೆಲ್ಲ ಮ್ಯಾಟ್ಸನ್, ಟೋಲರ್ ಹೆಸರನ್ನು ಬಲ್ಲರು. ಮೂರು ಸಮಿತಿಗಳಲ್ಲಿ ಕುಳಿತಿದ್ದವರಲ್ಲಿ ಒಬ್ಬರ ಹೆಸರನ್ನಾದರೂ ಹೇಳಬಲ್ಲವರು ಎಷ್ಟು ಮಂದಿ? ತ್ಯಾಗವನ್ನು ಹಾಡಿ ಹಾಡಿ, ತ್ಯಾಗ ಮಾಡಬೇಕಾಗಿ ತಂದವರನ್ನು ಸದ್ದಿಲ್ಲದೆ ಹಿತ್ತಿಲ ಬಾಗಿಲಿನಿಂದ ಕಳಿಸಿಬಿಡುವ ಈ ವಿದ್ಯೆ ಲೋಕಕ್ಕೆಲ್ಲ ಸಾಮಾನ್ಯ.

ಇದೇ ಭಾವುಕತೆಯಿಂದ ಇನ್ನೊಂದು ಮಾತೂ ಹುಟ್ಟಿದೆ: ಬಟ್ಟಲಿನ ಹಣ ಬಂದಿದ್ದರೆ ತಂಡ ಮುಚ್ಚುತ್ತಿರಲಿಲ್ಲ, ಹುಡುಗರು ತಮ್ಮ ತಂಡದ ಪ್ರಾಣವನ್ನೇ ಬಲಿಕೊಟ್ಟರು ಎಂದು. ನನ್ನ ಪಕ್ಷಕ್ಕೆ ಅನುಕೂಲವಾದ ಮಾತೇ ಆದರೂ ಇದನ್ನು ನಾನು ಒಪ್ಪಲಾರೆ. ಪಶ್ಚಿಮ ತೀರದ ಸಣ್ಣ ಕ್ಯಾಥೊಲಿಕ್ ಕಾಲೇಜುಗಳಲ್ಲಿ ಆ ಹೊತ್ತಿಗೆ ಫುಟ್‌ಬಾಲ್ ಸಾಯುತ್ತಲೇ ಇತ್ತು. ಸೇಂಟ್ ಮೇರೀಸ್ 1950ರ ಋತುವಿನ ನಂತರ ಬಿಟ್ಟಿತು. ಸಾಂತಾ ಕ್ಲಾರಾ 1952ರ ಋತುವಿನ ನಂತರ ಬಿಟ್ಟಿತು. ಸ್ಯಾನ್‌ಫ್ರಾನ್ಸಿಸ್ಕೋದ ಕೀಜರ್ ಕ್ರೀಡಾಂಗಣದಲ್ಲಿ ವೃತ್ತಿ ತಂಡ ಆಡತೊಡಗಿದ ಮೇಲೆ ಜನರ ಹಣ ಆ ಕಡೆ ಹರಿಯಿತು. ಒಂದು ಪಂದ್ಯದ ಸಂಪಾದನೆ ಎಷ್ಟು ದಿನ ಕಾಪಾಡುತ್ತಿತ್ತು? ಅನ್ಯಾಯವನ್ನು ಅನ್ಯಾಯವೆನ್ನಲು ಅದರಿಂದ ಇನ್ನೊಂದು ದುರಂತವಾಯಿತೆಂದು ತೋರಿಸುವ ಅಗತ್ಯವಿಲ್ಲ. ಇಬ್ಬರು ಮನುಷ್ಯರನ್ನು ಚರ್ಮ ನೋಡಿ ಹೊರಗಿಟ್ಟರು ಎಂಬುದು ಒಂದೇ ಸಾಕು.

ಕರೆಯುವ ಅಧಿಕಾರ ಇಂದಿಗೂ ಸಮಿತಿಯ ಕೈಯಲ್ಲೇ ಇದೆ. 2023ರಲ್ಲಿ ಫ್ಲಾರಿಡಾ ಸ್ಟೇಟ್ ತಂಡ 13ಕ್ಕೆ 13 ಪಂದ್ಯ ಗೆದ್ದರೂ ಕೊನೆಯ ನಾಲ್ವರಲ್ಲಿ ಸೇರಿಸಲಿಲ್ಲ. ಅಲ್ಲಿಯ ಕಾರಣ ವರ್ಣವಲ್ಲ. ತಂಡದ ಮುಖ್ಯ ಆಟಗಾರನಿಗೆ ಪೆಟ್ಟಾಗಿತ್ತು. ಸರಿಯೋ ತಪ್ಪೋ, ಸಮಿತಿಯವರ ಹೆಸರು ಎಲ್ಲರಿಗೂ ಗೊತ್ತಿತ್ತು, ಅಧ್ಯಕ್ಷರು ಟೆಲಿವಿಷನ್ನಿನ ಮುಂದೆ ಬಂದು ಕಾರಣ ಹೇಳಬೇಕಾಯಿತು, ದೇಶವೆಲ್ಲ ಬೈಯಿತು. ಮರುವರ್ಷದಿಂದ 12 ತಂಡಗಳನ್ನು ಕರೆಯುವ ಪದ್ಧತಿ ಬಂದಿದೆ; ಬದಲಾವಣೆ ಅದಕ್ಕೆ ಮೊದಲೇ ಗೊತ್ತಾಗಿತ್ತೆನ್ನಿ. ನಾನು ಬೇಡುವುದು ಇಷ್ಟೆ: ಹೊರಗಿಟ್ಟವರು ಹೆಸರು ಹೇಳಿ, ಮುಖ ತೋರಿಸಿ, ಕಾರಣ ಕೊಡಲಿ. 1951ರ ಸಭ್ಯರಿಗೆ ಆ ಒಂದು ಕಷ್ಟವೂ ಬರಲಿಲ್ಲ.

ಇಷ್ಟನ್ನು ಓದಿ, ‘ಅಮೆರಿಕಾದವರ ಕೊಳೆ ನಮಗೇಕೆ?’ ಎಂದು ಯಾರಾದರೂ ಆರಾಮಾಗಿ ಕುರ್ಚಿಗೆ ಒರಗುವ ಮೊದಲು ಒಂದು ಹೆಸರನ್ನು ನೆನಪಿಗೆ ತರುತ್ತೇನೆ: ಪಾಲವಣಕರ ಬಾಳೂ. ಹುಟ್ಟಿದ್ದು ನಮ್ಮ ಧಾರವಾಡದಲ್ಲಿ, ಅಸ್ಪೃಶ್ಯವೆನಿಸಿದ ಜಾತಿಯಲ್ಲಿ. ಪುಣೆಯಲ್ಲಿ ಬಿಳಿಯರ ಕ್ಲಬ್ಬಿನಲ್ಲಿ ಕೂಲಿಗೆ ಚೆಂಡೆಸೆಯುತ್ತ ಬೌಲಿಂಗ್ ಕಲಿತು, ದೇಶದ ಅತಿ ಶ್ರೇಷ್ಠ ಬೌಲರುಗಳಲ್ಲಿ ಒಬ್ಬನಾದ. 1911ರಲ್ಲಿ ಇಂಗ್ಲೆಂಡಿಗೆ ಹೋದ ಭಾರತದ ತಂಡದ ಪರವಾಗಿ ನೂರಕ್ಕೂ ಹೆಚ್ಚು ವಿಕೆಟ್ ಕಿತ್ತ. ಪುಣೆಯ ಹಿಂದೂ ತಂಡದವರು ಗೆಲ್ಲುವುದಕ್ಕಾಗಿ ಅವನನ್ನು ಸೇರಿಸಿಕೊಂಡರು. ಬಯಲಿನಲ್ಲಿ ಅವನು ಮುಟ್ಟಿದ ಚೆಂಡನ್ನು ಎಲ್ಲರೂ ಮುಟ್ಟಿದರು. ಚಹದ ಹೊತ್ತಿಗೆ ಮಾತ್ರ ಅವನನ್ನು ಹೊರಗೆ ನಿಲ್ಲಿಸಿ ಮಣ್ಣಿನ ಕುಡಿಕೆಯಲ್ಲಿ ಚಹ ಕೊಟ್ಟರು. ಹಿಂದೂ ತಂಡದ ನಾಯಕತ್ವ ಅವನಿಗೆ ಕೊನೆಗೂ ದೊರೆಯಲಿಲ್ಲ. ಅವನ ತಮ್ಮ ವಿಠ್ಠಲನಿಗೆ ದೊರೆತದ್ದು 1923ರಲ್ಲಿ, ಬಹಳ ಜಗಳವಾದ ಮೇಲೆ.

ಅವರದು ಬಟ್ಟಲು, ನಮ್ಮದು ಕುಡಿಕೆ. ವ್ಯತ್ಯಾಸವೊಂದಿದೆ, ಅದು ನಮಗೆ ಕೀರ್ತಿ ತರುವಂಥದ್ದಲ್ಲ. ಮ್ಯಾಟ್ಸನ್ ಮತ್ತು ಟೋಲರ್ ಅವರನ್ನು ಹೊರಗಿಟ್ಟವರು ಎದುರು ಪಕ್ಷದ ಊರಿನವರು. ಅವರ ಸ್ವಂತ ತಂಡ ಅವರ ಜೊತೆಗೆ ನಿಂತಿತು. ಬಾಳೂವನ್ನು ಹೊರಗೆ ನಿಲ್ಲಿಸಿದವರು ಅವನ ಬೌಲಿಂಗಿನಿಂದ ಗೆದ್ದ ಅವನ ತಂಡದವರೇ. ಅವನು ಹೊರಗೆ ಕುಡಿಯುವುದಾದರೆ ನಮಗೂ ಒಳಗೆ ಚಹ ಬೇಡ ಎಂದು ಅಂದು ಹನ್ನೊಂದು ಜನ ಎದ್ದು ಬಂದಿದ್ದರೆ ನಮ್ಮಲ್ಲೂ ಹೇಳಿಕೊಳ್ಳಲು ಒಂದು ಕಥೆ ಇರುತ್ತಿತ್ತು. ಬಾಳೂವಿನ ಮಾತೆತ್ತಿದಾಗಲೂ ನಾವು ಹೇಳುವುದು ಅದೇ ಮೂರು ಪದ: ಆಗಿನ ಕಾಲವೇ ಹಾಗಿತ್ತು.

ಬರ್ಲ್ ಟೋಲರ್ ಮುಂದೆ ಏನಾದರೆಂದು ಹೇಳದಿದ್ದರೆ ನನ್ನ ಮಾತು ಪೂರ್ತಿಯಾಗದು. 1952ರಲ್ಲಿ ಮೊಣಕಾಲಿಗೆ ಪೆಟ್ಟಾಗಿ ಅವರ ಆಟ ಮುಗಿಯಿತು. ಸ್ಯಾನ್‌ಫ್ರಾನ್ಸಿಸ್ಕೋದಲ್ಲಿ ಉಪಾಧ್ಯಾಯರಾಗಿ, ಶಾಲೆಯೊಂದರ ಮುಖ್ಯೋಪಾಧ್ಯಾಯರಾದರು. 1965ರಲ್ಲಿ ವೃತ್ತಿ ಫುಟ್‌ಬಾಲಿನ ರಾಷ್ಟ್ರೀಯ ಲೀಗಿನಲ್ಲಿ ಕಪ್ಪು ಜನಾಂಗದ ಮೊದಲ ತೀರ್ಪುಗಾರರಾಗಿ ನೇಮಕಗೊಂಡರು. ಆಗ ಆ ಲೀಗಿನ ಮುಖ್ಯಸ್ಥ ಯಾರು? ಹಿಂದೆ ಅವರ ಕಾಲೇಜು ತಂಡದ ಸುದ್ದಿ ಬರೆಯುತ್ತಿದ್ದ ಅದೇ ಪೀಟ್ ರೋಜೆಲ್. 1980ರ ಜನವರಿಯಲ್ಲಿ ವೃತ್ತಿ ಫುಟ್‌ಬಾಲಿನ ಅತಿ ದೊಡ್ಡ ಪಂದ್ಯವಾದ ಸೂಪರ್ ಬೌಲ್ ನಡೆದಾಗ ಟೋಲರ್ ಅಲ್ಲಿ ತೀರ್ಪುಗಾರರಾಗಿದ್ದರು. ನಡೆದದ್ದು ಪ್ಯಾಸಡೀನಾದ ರೋಜ್ ಬೌಲ್ ಕ್ರೀಡಾಂಗಣದಲ್ಲಿ. 1951ರಲ್ಲಿ ಲೋಯೋಲಾ ಮೇಲೆ ಗೆದ್ದು, ಕರೆಯೋಲೆಗಾಗಿ ಕಾಯುತ್ತ ಅವರು ಹೊರಬಂದಿದ್ದ ಅದೇ ಬಯಲಿನಲ್ಲಿ. ಇದನ್ನು ಕಾಲದ ನ್ಯಾಯವೆನ್ನುವವರಿಗೆ ನನ್ನ ಉತ್ತರ: ಕಾಲ ಅಲ್ಲ, ಸ್ವಾಮಿ. ನೇಮಕದ ಕಾಗದಕ್ಕೂ ಒಬ್ಬ ಮನುಷ್ಯನ ರುಜು ಬೇಕು.

ನಮ್ಮ ಕ್ಲಬ್ಬುಗಳೂ ಕಾಲೇಜುಗಳೂ ವರ್ಷವರ್ಷವೂ ವಜ್ರಮಹೋತ್ಸವ, ಶತಮಾನೋತ್ಸವಗಳ ಸಂಚಿಕೆಗಳನ್ನು ಹೊರತರುತ್ತಿರುತ್ತವೆ. ಹಳೆಯ ನಾಯಕರ ಭಾವಚಿತ್ರ, ಗೆದ್ದ ಕಪ್ಪುಗಳ ಪಟ್ಟಿ, ದಾನಿಗಳ ಹೆಸರು ಎಲ್ಲ ಅದರಲ್ಲಿರುತ್ತವೆ. ಅವುಗಳಲ್ಲಿ ಇನ್ನು ಮುಂದೆ ಒಂದು ಪುಟವನ್ನು ಹೆಚ್ಚಿಗೆ ಹಾಕಲಿ: ನಮ್ಮ ಬಯಲಿಗೆ, ನಮ್ಮ ಊಟದ ಮನೆಗೆ ಯಾರನ್ನು ಕರೆಯಲಿಲ್ಲ, ಕರೆಯಬಾರದೆಂದು ತೀರ್ಮಾನಿಸಿದ ಸಭೆಯಲ್ಲಿ ಯಾರು ಯಾರು ಕುಳಿತಿದ್ದರು. ನಡಾವಳಿ ಪುಸ್ತಕಗಳು ಬೀರುಗಳಲ್ಲಿ ಗೆದ್ದಲು ಹಿಡಿಯುತ್ತ ಇನ್ನೂ ಇವೆ. ತೆಗೆದು ನೋಡುವ ಧೈರ್ಯ ಯಾವ ಸಂಪಾದಕ ಮಂಡಳಿಗೆ ಇದೆಯೋ ಆ ಸಂಚಿಕೆಯನ್ನು ಕೊಂಡು ಓದಲು ನಾನು ಸಿದ್ಧ.